ಅಕ್ಷರ ಕಲಿತ ಮಗುವನ್ನು ಓದಿನವರೆಗೆ ಕರೆದೊಯ್ಯುವುದು ಹೇಗೆ?

ಎರಡನೆಯ ತರಗತಿ ದಾಟಿದ ಮಗುವೊಂದು ವರ್ಣಮಾಲೆಯನ್ನು ತಡವರಿಸದೆ ಹೇಳುತ್ತದೆ, ‘ಕ ತಲೆಕಟ್ಟು ಕ, ಕ ಇಳಿ ಕಾ’ ಎಂದು ಕಾಗುಣಿತವನ್ನು ರಾಗವಾಗಿ ಒಪ್ಪಿಸುತ್ತದೆ, ಕಪ್ಪುಹಲಗೆಯ ಮೇಲೆ ಬರೆದದ್ದನ್ನು ದುಂಡಗೆ ನಕಲು ಮಾಡುತ್ತದೆ. ಆದರೆ ಹಿಂದೆಂದೂ ನೋಡಿರದ ವಾಕ್ಯವೊಂದನ್ನು ಮುಂದಿಟ್ಟರೆ ಮೂರನೆಯ ಪದಕ್ಕೇ ನಿಂತುಬಿಡುತ್ತದೆ. ಇಂಥ ಮಗುವಿನ ಮನೆಯವರು ಸಾಮಾನ್ಯವಾಗಿ ಮಾಡುವ ಮೊದಲ ಕೆಲಸವೆಂದರೆ ಅದೇ ವರ್ಣಮಾಲೆಯನ್ನು ಮೊದಲಿನಿಂದ ಇನ್ನೊಮ್ಮೆ ಬರೆಸುವುದು. ಗೊತ್ತಿರುವುದನ್ನೇ ಮತ್ತೆ ಕಲಿಸುವುದರಿಂದ ಮಗುವಿಗೆ ಬೇಸರ ಬರುತ್ತದೆಯೇ ಹೊರತು ಓದು ಬರುವುದಿಲ್ಲ. ತೊಡಕು ಇರುವುದು ವರ್ಣಮಾಲೆಯ ಆಚೆಗೆ. ಅದು ಎಲ್ಲಿದೆ ಎಂದು ಕಂಡುಕೊಂಡ ಮೇಲೆ ಮಾತ್ರ ಏನು ಮಾಡಬೇಕು ಎಂಬುದು ಹೊಳೆಯುತ್ತದೆ. ಹಾಗೆ ಕಂಡುಕೊಳ್ಳಲು, ಓದಿನ ಬಗ್ಗೆ ಕಳೆದ ಐದಾರು ದಶಕಗಳಲ್ಲಿ ಬೆಳೆದುಬಂದ ಸಿದ್ಧಾಂತಗಳು ನಿಜಕ್ಕೂ ಸಹಾಯಕ್ಕೆ ಬರುತ್ತವೆ.

ಮೊದಲ ಅಕ್ಷರಪಾಠದ ವಿಷಯವನ್ನು ಇಲ್ಲಿ ಹೆಚ್ಚು ಹೇಳುವುದಿಲ್ಲ. 1995ರಲ್ಲಿ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ ಮೊದಲಾಗಿ 2009-10ರಲ್ಲಿ ರಾಜ್ಯದ ಸರ್ಕಾರಿ ಶಾಲೆಗಳಿಗೆ ವಿಸ್ತರಿಸಿದ ನಲಿಕಲಿ ಪದ್ಧತಿಯಲ್ಲಿ ‘ಅ, ಆ, ಇ, ಈ’ ಕ್ರಮವನ್ನು ಬಿಟ್ಟು ‘ರ, ಗ, ಸ, ದ, ಅ’ ಎಂಬ ಗುಂಪಿನಿಂದ ಆರಂಭಿಸುತ್ತಾರೆ. ಅಷ್ಟರಿಂದಲೇ ‘ಸರ’, ‘ಅರಸ’, ‘ಅಗಸ’ ಎಂಬ ಪದಗಳು ಸಿದ್ಧವಾಗುವುದರಿಂದ ಮಗು ಅಕ್ಷರ ಕಲಿಯುವ ಹೊತ್ತಿಗೇ ಪದವನ್ನೂ ಓದುತ್ತದೆ. ಇದು ಒಳ್ಳೆಯ ಕ್ರಮ. ಮನೆಯಲ್ಲಿ ಇದನ್ನು ಕೆಡಿಸದಿದ್ದರೆ ಸಾಕು. ಕಷ್ಟ ಬರುವುದು ಅದರ ನಂತರ.

ಮೊದಲು ಎರಡು ಪರೀಕ್ಷೆ

1986ರಲ್ಲಿ ಫಿಲಿಪ್ ಗಾಫ್ ಮತ್ತು ವಿಲಿಯಂ ಟನ್ಮರ್ ಎಂಬ ವಿದ್ವಾಂಸರು ಓದಿನ ಸರಳ ನೋಟ ಎಂದು ಹೆಸರಾದ ಒಂದು ವಾದವನ್ನು ಮುಂದಿಟ್ಟರು. ಅವರ ಪ್ರಕಾರ ಓದಿ ತಿಳಿಯುವ ಶಕ್ತಿ ಎಂಬುದು ಎರಡರ ಗುಣಲಬ್ಧ: ಬರಹವನ್ನು ಧ್ವನಿಯಾಗಿ ಬಿಡಿಸುವ ಶಕ್ತಿ ಒಂದು, ಅದೇ ಮಾತನ್ನು ಯಾರಾದರೂ ಹೇಳಿದಾಗ ಕೇಳಿ ಅರ್ಥಮಾಡಿಕೊಳ್ಳುವ ಶಕ್ತಿ ಇನ್ನೊಂದು. ಎರಡನ್ನೂ ಕೂಡಿಸದೆ ಗುಣಿಸಿದ್ದರಲ್ಲಿ ಇಡೀ ವಾದದ ತಿರುಳಿದೆ. ಒಂದು ಸೊನ್ನೆಯಾದರೆ ಇನ್ನೊಂದು ಎಷ್ಟೇ ಇದ್ದರೂ ಫಲ ಸೊನ್ನೆ; ಎರಡೂ ಅರ್ಧರ್ಧ ಇದ್ದರೆ ಸಿಗುವುದು ಕಾಲುಭಾಗ ಮಾತ್ರ. ಬಿಡಿಸಲು ಬಾರದ ಮಗುವಿಗೆ ಪದಗಳ ಅರ್ಥ ಬಾಯಿಪಾಠ ಮಾಡಿಸುವುದೂ, ಬಿಡಿಸಲು ಬರುವ ಆದರೆ ಅರ್ಥವಾಗದ ಮಗುವಿಗೆ ಇನ್ನಷ್ಟು ಕಾಗುಣಿತ ಬರೆಸುವುದೂ ಸಮಾನವಾಗಿ ವ್ಯರ್ಥ ಎಂಬುದು ಇದರಿಂದ ತಿಳಿಯುತ್ತದೆ.

ಈ ವಾದವನ್ನು ಮನೆಯ ಜಗಲಿಯಲ್ಲೇ ಪರೀಕ್ಷೆಯಾಗಿ ಬಳಸಬಹುದು. ಮಗು ಇನ್ನೂ ಓದಿರದ ಪಾಠದಿಂದ, ಸುಮಾರು ಒಂದೇ ಕಷ್ಟದ ಎರಡು ಪುಟ್ಟ ಭಾಗಗಳನ್ನು ಆರಿಸಿಕೊಳ್ಳಿ. ಒಂದನ್ನು ಮಗುವೇ ಗಟ್ಟಿಯಾಗಿ ಓದಲಿ. ನೀವು ತಿದ್ದಲು ಹೋಗದೆ, ಯಾವ ಪದದಲ್ಲಿ ನಿಂತಿತು, ಯಾವುದನ್ನು ಏನೆಂದು ಓದಿತು ಎಂದು ಒಂದು ನೋಟ್ ಪುಸ್ತಕದಲ್ಲಿ ಹಾಗೆಹಾಗೇ ಬರೆದುಕೊಳ್ಳಿ. ಇನ್ನೊಂದನ್ನು ನೀವು ಓದಿ ಹೇಳಿ, ಕೇಳಿದ್ದನ್ನು ತನ್ನ ಮಾತಿನಲ್ಲಿ ಹೇಳಲು ಮಗುವಿಗೆ ಬಿಡಿ. ‘ತನ್ನ ಮಾತು’ ಎಂದರೆ ಮನೆಯ ಮಾತು. ನಮ್ಮ ಕಡೆ ಅದು ಹವ್ಯಕ ಕನ್ನಡವಾಗಿರಬಹುದು, ಕೊಂಕಣಿಯೋ ತುಳುವೋ ಉರ್ದುವೋ ಲಂಬಾಣಿಯೋ ಆಗಿರಬಹುದು. ಅರ್ಥವಾಯಿತೇ ಎಂದು ತಿಳಿಯುವುದಷ್ಟೇ ಇಲ್ಲಿಯ ಉದ್ದೇಶ. ಪುಸ್ತಕದ ಕನ್ನಡದಲ್ಲೇ ಉತ್ತರ ಬೇಕೆಂದು ಹಟ ಹಿಡಿದರೆ ಪರೀಕ್ಷೆ ಬೇರೆ ಯಾವುದೋ ವಿಷಯದ್ದಾಗುತ್ತದೆ.

ಓದುವಾಗ ತಡವರಿಸಿ, ಕೇಳಿದ್ದನ್ನು ಚೆನ್ನಾಗಿ ಹೇಳುವ ಮಗುವಿಗೆ ಬರಹ ಬಿಡಿಸುವ ಅಭ್ಯಾಸ ಬೇಕು. ಸರಾಗವಾಗಿ ಓದಿ, ಕೇಳಿದ್ದನ್ನೂ ಹೇಳಲಾರದ ಮಗುವಿಗೆ ಮಾತು, ಪದ, ಲೋಕಜ್ಞಾನ ಬೇಕು. ಎರಡರಲ್ಲೂ ಹಿಂದಿರುವ ಮಗುವಿಗೆ ಎರಡನ್ನೂ ಕೊಡಬೇಕು, ಆದರೆ ಒಂದೇ ಹೊತ್ತಿನಲ್ಲಲ್ಲ. ಪೇಟೆಯ ಇಂಗ್ಲಿಷ್ ಮಾಧ್ಯಮದ ಶಾಲೆಗಳಿಗೆ ಹೋಗುವ ಮಕ್ಕಳು ಬಹುಮಟ್ಟಿಗೆ ಮೊದಲ ಗುಂಪಿಗೆ ಸೇರುತ್ತಾರೆ ಎಂಬುದು ನನ್ನ ಅನಿಸಿಕೆ: ಮನೆಯಲ್ಲಿ ಕನ್ನಡ ಧಾರಾಳವಾಗಿ ಕಿವಿಗೆ ಬೀಳುತ್ತದೆ, ಕಣ್ಣಿಗೆ ಮಾತ್ರ ಬೀಳುವುದಿಲ್ಲ.

ಏಳು ತಾಲ್ಲೂಕುಗಳ ಹೆಸರು

ಓದಿನ ಸಿದ್ಧಾಂತಗಳಲ್ಲಿ ಬಹುಪಾಲು ಇಂಗ್ಲಿಷ್ ಓದುವ ಮಕ್ಕಳನ್ನು ನೋಡಿ ಕಟ್ಟಿದವು. ಕನ್ನಡದ ಲಿಪಿ ಬೇರೆ ಬಗೆಯದು. ಇಲ್ಲಿ ಒಂದು ಅಕ್ಷರ ಬಹುತೇಕ ಒಂದು ಉಚ್ಚಾರಣೆಯ ಘಟಕ, ಆ ಘಟಕದೊಳಗೆ ವ್ಯಂಜನ ಮತ್ತು ಸ್ವರದ ಗುರುತುಗಳು ಬೇರೆಬೇರೆಯಾಗಿಯೇ ಕಾಣುತ್ತವೆ. ಬರೆದಂತೆ ಓದುವ ಭಾಷೆಯಾದ್ದರಿಂದ ಕನ್ನಡ ಓದು ಸುಲಭ ಎಂಬ ಮಾತು ಅರ್ಧ ಮಾತ್ರ ಸರಿ. ಗುರುತು ಮತ್ತು ಧ್ವನಿಯ ಸಂಬಂಧ ನೇರವಾಗಿದೆ ನಿಜ, ಆದರೆ ಗುರುತುಗಳ ಸಂಖ್ಯೆ ದೊಡ್ಡದು. ಮೂವತ್ತನಾಲ್ಕು ವ್ಯಂಜನಗಳಿಗೆ ಹದಿನೈದರಂತೆ ಕಾಗುಣಿತ ಹಾಕಿದರೆ ಐನೂರು ದಾಟುತ್ತದೆ, ಒತ್ತಕ್ಷರಗಳು ಅದರ ಮೇಲೆ. ಬೆಂಗಳೂರಿನಲ್ಲಿ ಕನ್ನಡದ ಮಕ್ಕಳ ಓದನ್ನು ಅಧ್ಯಯನ ಮಾಡಿದ ಸೊನಾಲಿ ನಾಗ್ 2007ರಲ್ಲಿ ಪ್ರಕಟಿಸಿದ ಸಂಶೋಧನೆಯ ಪ್ರಕಾರ ಕನ್ನಡದಲ್ಲಿ ಅಕ್ಷರಗಳ ಕಲಿಕೆ ಮೊದಲೆರಡು ತರಗತಿಗಳಿಗೆ ಮುಗಿಯದೆ ನಾಲ್ಕನೆಯ ತರಗತಿಯವರೆಗೂ ನಡೆದೇ ಇರುತ್ತದೆ. ಅಕ್ಷರವನ್ನು ಇಡಿಯಾಗಿ ಗ್ರಹಿಸುವ ಶಕ್ತಿ ಮೊದಲು ಬರುತ್ತದೆ. ಅಕ್ಷರದೊಳಗಿನ ಬಿಡಿ ಧ್ವನಿಗಳನ್ನು ಬೇರ್ಪಡಿಸುವ ಶಕ್ತಿ ನಿಧಾನವಾಗಿ, ತಡವಾಗಿ ಬರುತ್ತದೆ. ಮೂರನೆಯ ತರಗತಿಯ ಮಗು ಒತ್ತಕ್ಷರದಲ್ಲಿ ಎಡವುವುದನ್ನು ದಡ್ಡತನವೆಂದು ಎಣಿಸುವವರು ಈ ಮಾತನ್ನು ಗಮನಿಸಬೇಕು.

ಮಗು ಯಾವ ಮೆಟ್ಟಿಲಲ್ಲಿ ನಿಂತಿದೆ ಎಂದು ತಿಳಿಯಲು ನಮ್ಮ ಶಿವಮೊಗ್ಗ ಜಿಲ್ಲೆಯ ಏಳು ತಾಲ್ಲೂಕುಗಳ ಹೆಸರು ಸಾಕು. ಅವನ್ನು ಒಂದೊಂದು ಚೀಟಿಯಲ್ಲಿ ದೊಡ್ಡದಾಗಿ ಬರೆದು, ‘ಸಾಗರ’, ‘ಸೊರಬ’, ‘ಹೊಸನಗರ’, ‘ಶಿಕಾರಿಪುರ’, ‘ಶಿವಮೊಗ್ಗ’, ‘ಭದ್ರಾವತಿ’, ‘ತೀರ್ಥಹಳ್ಳಿ’ ಎಂಬ ಕ್ರಮದಲ್ಲಿ ಮುಂದಿಡಿ. ಮೊದಲ ಮೂರರಲ್ಲಿ ಮೂಲಾಕ್ಷರಗಳ ನಡುವೆ ಒಂದೇ ಒಂದು ಗುಣಿತಾಕ್ಷರವಿದೆ. ‘ಶಿಕಾರಿಪುರ’ದಲ್ಲಿ ಗುಡಿಸು, ಇಳಿ, ಮತ್ತೆ ಗುಡಿಸು, ಕೊಂಬು ಒಂದರ ಹಿಂದೊಂದು ಬರುತ್ತವೆ, ಅದರಲ್ಲೂ ‘ಪು’ವಿನ ಕೊಂಬು ‘ಕು’ವಿನ ಕೊಂಬಿನಂತೆ ಅಂಟಿಕೊಳ್ಳುವುದಿಲ್ಲ. ‘ಶಿವಮೊಗ್ಗ’ದಲ್ಲಿ ಒತ್ತು ಬಂದರೂ ಅದು ತನ್ನದೇ ಅಕ್ಷರದ ಕೆಳಗೆ, ತನ್ನದೇ ಆಕಾರದಲ್ಲಿ ಕುಳಿತಿದೆ. ಆದ್ದರಿಂದ ಹೆಚ್ಚಿನ ಮಕ್ಕಳು ಇಲ್ಲಿಯವರೆಗೆ ಬರುತ್ತಾರೆ.

‘ಭದ್ರಾವತಿ’ಯಲ್ಲಿ ಎರಡು ಕಷ್ಟಗಳು ಒಟ್ಟಿಗೆ ಎದುರಾಗುತ್ತವೆ. ರಕಾರದ ಒತ್ತು ‘ರ’ದಂತೆ ಕಾಣುವುದಿಲ್ಲ, ಕನ್ನಡದ ಬಹುಪಾಲು ಒತ್ತುಗಳು ಮೂಲ ಅಕ್ಷರದ ತಲೆಕಟ್ಟು ಕಳಚಿದ ಪುಟ್ಟ ರೂಪವಾದರೂ ತ, ನ, ಮ, ಯ, ರ, ಲ ಇವುಗಳ ಒತ್ತು ಬೇರೆಯೇ ಆಕಾರದ್ದು. ಎರಡನೆಯ ಕಷ್ಟ ಇದಕ್ಕಿಂತ ಸೂಕ್ಷ್ಮವಾದದ್ದು, ದೊಡ್ಡವರ ಕಣ್ಣಿಗೆ ಬೀಳದಂಥದು. ‘ದ್ರಾ’ ಎಂಬಲ್ಲಿ ದೀರ್ಘದ ಗುರುತು ಅಂಟಿರುವುದು ಮೇಲಿನ ದಕಾರಕ್ಕೆ, ಆದರೆ ಆ ‘ಆ’ ಧ್ವನಿ ಕೇಳಿಬರುವುದು ಕೆಳಗಿನ ರಕಾರದ ನಂತರ. ಕಣ್ಣು ನೋಡುವ ಕ್ರಮ ಒಂದು, ನಾಲಗೆ ಹೇಳಬೇಕಾದ ಕ್ರಮ ಇನ್ನೊಂದು. ‘ಭದಾರವತಿ’ ಎಂದು ಓದಿದ ಮಗು ಕಣ್ಣಿಗೆ ಕಂಡದ್ದನ್ನು ಕಂಡ ಕ್ರಮದಲ್ಲೇ ಪ್ರಾಮಾಣಿಕವಾಗಿ ಓದಿದೆ. ‘ಸಕ್ರೆಬೈಲು’ ಎಂಬ ಊರಿನ ಫಲಕವನ್ನು ‘ಸಕೆರಬೈಲು’ ಎಂದು ಓದುವುದೂ ಇದೇ ಕಾರಣಕ್ಕೆ.

‘ತೀರ್ಥಹಳ್ಳಿ’ ಎಲ್ಲಕ್ಕಿಂತ ಎತ್ತರದ ಮೆಟ್ಟಿಲು. ಅರ್ಕಾವತ್ತು ಥಕಾರದ ನಂತರ ಬರೆಯಲ್ಪಟ್ಟು ಅದಕ್ಕಿಂತ ಮೊದಲು ಉಚ್ಚಾರವಾಗುತ್ತದೆ. ‘ಳ್ಳಿ’ಯಲ್ಲಿ ಗುಡಿಸು ಮೇಲಿನ ಳಕಾರದ ತಲೆಯ ಮೇಲಿದ್ದು ಧ್ವನಿ ಮಾತ್ರ ಕೊನೆಯಲ್ಲಿ ಬರುತ್ತದೆ. ಪ್ರತಿದಿನ ಆ ಊರಿನ ಹೆಸರನ್ನು ಕೇಳುವ ಮಗು ಅದನ್ನು ನೋಡಿದೊಡನೆ ಹೇಳಿಬಿಡಬಹುದು. ಆಗ ‘ಕೀರ್ತಿ’, ‘ಸೂರ್ಯ’, ‘ಮಾರ್ಗ’ ಎಂಬ ಪದಗಳನ್ನು ಕೊಟ್ಟು ನೋಡಿ. ಅಲ್ಲಿ ತಡೆದರೆ, ಮೊದಲನೆಯದನ್ನು ಮಗು ಬಿಡಿಸಿರಲಿಲ್ಲ, ಆಕಾರ ನೋಡಿ ಗುರುತು ಹಿಡಿದಿತ್ತು ಎಂದು ತಿಳಿಯಬೇಕು. ಓದಿನ ಬೆಳವಣಿಗೆಯ ಹಂತಗಳನ್ನು ಗುರುತಿಸಿದ ಲಿನಿಯಾ ಎರಿ ಅವರ ಸಿದ್ಧಾಂತದಲ್ಲಿ ಇದು ಅಕ್ಷರ ಕಲಿಯುವುದಕ್ಕೂ ಹಿಂದಿನ ಹಂತದ ಅಭ್ಯಾಸ: ಪದದ ಒಟ್ಟು ನೋಟ, ಬಣ್ಣ, ಅದು ಬರೆದಿರುವ ಜಾಗ ಇವುಗಳಿಂದ ಗುರುತಿಸುವುದು. ಬಸ್ಸಿನ ಬೋರ್ಡು ನೋಡಿ ಊರ ಹೆಸರು ಹೇಳುವ ನಾಲ್ಕು ವರ್ಷದ ಮಗುವನ್ನು ಓದು ಬಂದಿದೆಯೆಂದು ಹೊಗಳುವವರು ಈ ವ್ಯತ್ಯಾಸವನ್ನು ನೆನಪಿನಲ್ಲಿಡುವುದು ಒಳಿತು.

ಮಗು ಯಾವ ಹೆಸರಿನಲ್ಲಿ ನಿಂತಿತೋ ಅಲ್ಲಿಂದ ಕೆಲಸ ಆರಂಭಿಸಿ, ಅದಕ್ಕಿಂತ ಹಿಂದಕ್ಕೆ ಹೋಗಬೇಡಿ. ಕಾಗುಣಿತದಲ್ಲಿ ನಿಂತಿದ್ದರೆ ಪೂರ್ತಿ ಸಾಲನ್ನು ರಾಗವಾಗಿ ಹೇಳಿಸುವುದನ್ನು ಬಿಟ್ಟು, ‘ಕಿ, ಮಿ, ತಿ, ಲಿ, ಸಿ’ ಎಂದು ಒಂದೇ ಗುರುತನ್ನು ಬೇರೆಬೇರೆ ವ್ಯಂಜನಗಳ ಮೇಲೆ ತೋರಿಸಿ. ಸಾಲನ್ನು ಒಪ್ಪಿಸುವ ಮಗು ಕ್ರಮವನ್ನು ನೆನಪಿಟ್ಟುಕೊಂಡಿರುತ್ತದೆ, ಗುರುತನ್ನಲ್ಲ. ಕ್ರಮ ತಪ್ಪಿಸಿದೊಡನೆ ನಿಜಸ್ಥಿತಿ ತಿಳಿಯುತ್ತದೆ. ಒತ್ತಿನಲ್ಲಿ ನಿಂತಿದ್ದರೆ ಮೊದಲು ‘ಅಪ್ಪ’, ‘ಅಕ್ಕ’, ‘ಬೆಟ್ಟ’ ಇಂಥ ಸಜಾತೀಯ ಒತ್ತು, ಆಮೇಲೆ ‘ಅಮ್ಮ’, ‘ಹಲ್ಲು’, ‘ಅನ್ನ’, ‘ಹತ್ತು’ ಎಂಬ ಆಕಾರ ಬದಲಾದ ಒತ್ತು, ಆಮೇಲೆ ‘ಚಕ್ರ’, ‘ಪುಸ್ತಕ’ದಂಥ ವಿಜಾತೀಯ ಒತ್ತು, ಕಟ್ಟಕಡೆಗೆ ಅರ್ಕಾವತ್ತು ಎಂಬ ಕ್ರಮವನ್ನು ಅನುಸರಿಸಿ. ಒಂದು ಮೆಟ್ಟಿಲು ಗಟ್ಟಿಯಾಗುವ ಮೊದಲು ಮುಂದಿನದಕ್ಕೆ ಹೋಗದಿರುವುದು ಮುಖ್ಯ. ವ, ಮ, ಪ, ಷ ಅಥವಾ ಸ, ನ ಇಂಥ ಹೋಲಿಕೆಯ ಅಕ್ಷರಗಳನ್ನು ಒಂದೇ ದಿನ ಒಟ್ಟಿಗೆ ಕಲಿಸಬೇಡಿ. ಒಂದು ಚೆನ್ನಾಗಿ ಕುಳಿತ ಮೇಲೆ ಇನ್ನೊಂದನ್ನು ತಂದು ಪಕ್ಕದಲ್ಲಿಟ್ಟು ವ್ಯತ್ಯಾಸವನ್ನು ಮಗುವಿನಿಂದಲೇ ಹೇಳಿಸಿ.

ಅಕ್ಷರದೊಳಗಿನ ಧ್ವನಿಗಳನ್ನು ಬೇರ್ಪಡಿಸುವ ಅಭ್ಯಾಸವನ್ನು ಪುಸ್ತಕವಿಲ್ಲದೆಯೂ ಮಾಡಿಸಬಹುದು, ಅದಕ್ಕೆ ಆಟವೇ ಉತ್ತಮ. ಅಂತ್ಯಾಕ್ಷರಿ ಆಡಲು ಇಡೀ ಅಕ್ಷರದ ಅರಿವಿದ್ದರೆ ಸಾಕು, ಆದ್ದರಿಂದ ಅದು ಮಕ್ಕಳಿಗೆ ಬೇಗ ಬರುತ್ತದೆ. ಅದಕ್ಕಿಂತ ಒಂದು ಹೆಜ್ಜೆ ಮುಂದೆ ಹೋಗಿ, ಪದದ ಎಲ್ಲ ಸ್ವರಗಳನ್ನೂ ‘ಇ’ ಮಾಡಿ ಹೇಳುವ ಆಟ ಆಡಿಸಿ: ‘ಮರ’ ಎಂಬುದು ‘ಮಿರಿ’ ಆಗಬೇಕು, ‘ಅಡಿಕೆ’ ಎಂಬುದು ‘ಇಡಿಕಿ’ ಆಗಬೇಕು. ವ್ಯಂಜನವನ್ನು ಹಾಗೆಯೇ ಇಟ್ಟುಕೊಂಡು ಸ್ವರವನ್ನು ಮಾತ್ರ ಬದಲಿಸಲು ಮಗು ಅಕ್ಷರವನ್ನು ಮನಸ್ಸಿನಲ್ಲೇ ಒಡೆಯಬೇಕಾಗುತ್ತದೆ. ಒತ್ತಕ್ಷರ ಬಿಡಿಸಲು ಬೇಕಾಗಿರುವುದು ಇದೇ ಶಕ್ತಿ. ಅಡಿಕೆ ಸುಲಿಯುವ ಮನೆಯಲ್ಲಿ ರಾತ್ರಿ ಎಲ್ಲರೂ ಒಟ್ಟಿಗೆ ಕುಳಿತಿರುವಾಗ ಇದು ಚೆನ್ನಾಗಿ ನಡೆಯುತ್ತದೆ, ಮಕ್ಕಳಿಗಿಂತ ಹಿರಿಯರೇ ಹೆಚ್ಚು ನಗುತ್ತಾರೆ.

ಮಗು ಪದದಲ್ಲಿ ನಿಂತಾಗ

‘ಚಿತ್ರ ನೋಡಿ ಊಹಿಸು’, ‘ಮುಂದಿನ ಪದ ಏನಿರಬಹುದು ಹೇಳು’ ಎಂದು ಹೇಳಿಕೊಡುವ ಪದ್ಧತಿಯೊಂದಿದೆ. ಇದರ ಬೇರು 1967ರಲ್ಲಿ ಅಮೆರಿಕದ ಕೆನೆತ್ ಗುಡ್‌ಮನ್ ಮಂಡಿಸಿದ ವಾದದಲ್ಲಿದೆ. ಓದು ಎಂಬುದು ಅರ್ಥ, ವ್ಯಾಕರಣ ಮತ್ತು ಸಂದರ್ಭದ ಬಲದಿಂದ ಆಡುವ ಒಂದು ಊಹೆಯ ಆಟ, ಒಳ್ಳೆಯ ಓದುಗ ಎಲ್ಲ ಅಕ್ಷರಗಳನ್ನೂ ನೋಡುವುದಿಲ್ಲ ಎಂದು ಅವರು ಹೇಳಿದರು. ಕೇಳಲು ಹಿತವಾದ ಈ ವಾದ ಪರೀಕ್ಷೆಯಲ್ಲಿ ನಿಲ್ಲಲಿಲ್ಲ. ಪದವನ್ನು ಗುರುತಿಸಲು ಸಂದರ್ಭವನ್ನು ಹೆಚ್ಚು ಆಶ್ರಯಿಸುವವರು ಓದಿನಲ್ಲಿ ಹಿಂದಿರುವ ಮಕ್ಕಳು, ಚೆನ್ನಾಗಿ ಓದುವವರಲ್ಲ ಎಂದು ಕೀತ್ ಸ್ಟ್ಯಾನೊವಿಚ್ ಮತ್ತವರ ಜೊತೆಗಾರರ ಪ್ರಯೋಗಗಳು ತೋರಿಸಿದವು. ನುರಿತ ಓದುಗನ ಕಣ್ಣು ಸಾಲಿನ ಮೇಲೆ ಜಾರುತ್ತ ಹೋಗುವುದಿಲ್ಲ, ಜಿಗಿದು ನಿಂತು, ಮತ್ತೆ ಜಿಗಿದು ನಿಂತು ಸಾಗುತ್ತದೆ ಎಂಬುದನ್ನು ಹತ್ತೊಂಬತ್ತನೆಯ ಶತಮಾನದಲ್ಲೇ ಫ್ರಾನ್ಸಿನ ಕಣ್ಣಿನ ವೈದ್ಯ ಎಮಿಲ್ ಜವಾಲ್ ಅವರ ಪ್ರಯೋಗಾಲಯದ ಅಧ್ಯಯನ ಹೊರಗೆಡವಿತ್ತು. ಒಂದೊಂದು ನಿಲುಗಡೆ ಸುಮಾರು ಕಾಲು ಸೆಕೆಂಡಿನಷ್ಟು ಇರುತ್ತದೆ, ಹೆಚ್ಚಿನ ಪದಗಳ ಮೇಲೆ ಕಣ್ಣು ನಿಂತೇ ಮುಂದೆ ಹೋಗುತ್ತದೆ ಎಂದು ನಂತರದ ಅಳತೆಗಳು ಹೇಳುತ್ತವೆ. ವೇಗವಾಗಿ ಓದುವವರು ಅಕ್ಷರಗಳನ್ನು ಹಾರಿಸುತ್ತಾರೆಂಬುದು ತೋರಿಕೆ ಮಾತ್ರ.

ಆದ್ದರಿಂದ ಮಗು ಒಂದು ಪದದಲ್ಲಿ ನಿಂತಾಗ ಮೂರು ನಾಲ್ಕು ಸೆಕೆಂಡು ಸುಮ್ಮನಿರಿ. ಆಮೇಲೆ ಪದವನ್ನು ಬೆರಳಿನಿಂದಲೋ ಕಾಗದದ ಚೂರಿನಿಂದಲೋ ಮುಚ್ಚಿ, ಒಂದೊಂದೇ ಅಕ್ಷರವನ್ನು ತೆರೆಯುತ್ತ ಓದಿಸಿ. ಒತ್ತಕ್ಷರವಿದ್ದರೆ ಒತ್ತನ್ನು ಮುಚ್ಚಿ ಮೇಲಿನದನ್ನು ಹೇಳಿಸಿ, ನಂತರ ಒತ್ತನ್ನು ತೋರಿಸಿ ‘ಇದು ಯಾರ ಒತ್ತು?’ ಎಂದು ಕೇಳಿ, ಕೊನೆಯಲ್ಲಿ ಸ್ವರವನ್ನು ಸೇರಿಸಿ. ಪೂರ್ತಿ ಪದ ಬಂದ ಮೇಲೆ ಇಡೀ ವಾಕ್ಯವನ್ನು ಮೊದಲಿನಿಂದ ಓದಿಸಿ. ಸಂದರ್ಭ ಉಪಯೋಗಕ್ಕೆ ಬರುವುದು ಈಗ, ಬಿಡಿಸಿದ್ದು ಸರಿಯೇ ಎಂದು ನೋಡಿಕೊಳ್ಳುವುದಕ್ಕೆ. ನೀವೇ ಪದವನ್ನು ಹೇಳಿಬಿಟ್ಟರೆ ಆ ಕ್ಷಣಕ್ಕೆ ಕೆಲಸ ಮುಂದೆ ಸಾಗುತ್ತದೆ, ಆದರೆ ಕಲಿಕೆ ನಿಲ್ಲುತ್ತದೆ. ಮಗು ತಾನಾಗಿ ಬಿಡಿಸಿದ ಪ್ರತಿಯೊಂದು ಹೊಸ ಪದವೂ ಅದರ ಬರಹ ರೂಪವನ್ನು ನೆನಪಿನಲ್ಲಿ ಉಳಿಸುತ್ತದೆ, ಕೆಲವೇ ಸಲದಲ್ಲಿ ಆ ಪದ ನೋಡಿದೊಡನೆ ಹೊಳೆಯುವಂತಾಗುತ್ತದೆ ಎಂಬುದು 1995ರಲ್ಲಿ ಡೇವಿಡ್ ಶೇರ್ ಮಂಡಿಸಿದ ಸ್ವಯಂಬೋಧನೆಯ ಸಿದ್ಧಾಂತ. ಓದುವ ಮಗು ತನಗೆ ತಾನೇ ಮೇಷ್ಟರಾಗುತ್ತದೆ ಎನ್ನುವ ಈ ಮಾತು ಕನ್ನಡದಂಥ ನೇರ ಲಿಪಿಗೆ ಇಂಗ್ಲಿಷಿಗಿಂತ ಚೆನ್ನಾಗಿ ಒಪ್ಪುತ್ತದೆಂದು ನನಗೆ ತೋರುತ್ತದೆ.

ಇಲ್ಲೊಂದು ಎಚ್ಚರಿಕೆ ಬೇಕು. ಪುಸ್ತಕದಲ್ಲಿ ‘ಹೋಗುತ್ತಾರೆ’ ಎಂದಿದ್ದನ್ನು ಮಗು ‘ಹೋಗ್ತಾರೆ’ ಎಂದೂ, ‘ಮನೆಯಲ್ಲಿ’ ಎಂದಿದ್ದನ್ನು ‘ಮನೇಲಿ’ ಎಂದೂ ಓದಿದರೆ ಅದನ್ನು ಊಹೆಯ ತಪ್ಪಿನೊಡನೆ ಸೇರಿಸಬೇಡಿ. ಅರ್ಥ ಮಗುವಿನ ಮನಸ್ಸಿಗೆ ಮುಟ್ಟಿದೆ, ಅದು ತನ್ನ ಮಾತಿನ ರೂಪದಲ್ಲಿ ಹೊರಬಂದಿದೆ. ಅಲ್ಲೇ ತಡೆದು ತಿದ್ದದೆ, ಪುಟ ಮುಗಿದ ಮೇಲೆ ಒಮ್ಮೆ ‘ಇಲ್ಲಿ ಬರೆದಿರುವುದು ಹೇಗಿದೆ ನೋಡು’ ಎಂದು ತೋರಿಸಿದರೆ ಸಾಕು. ಮಹಾಪ್ರಾಣದ ವಿಷಯವೂ ಅಷ್ಟೆ. ‘ಭ’ ಅಕ್ಷರವನ್ನು ಗುರುತಿಸಿ ‘ಬ’ ಎಂದು ಉಚ್ಚರಿಸುವುದು ಓದಿನ ದೋಷವಲ್ಲ, ಊರಿನ ನಾಲಗೆಯ ರೂಢಿ.

ಓದು ಓಡಬೇಕಾದರೆ

ಒಂದೊಂದೇ ಅಕ್ಷರ ಬಿಡಿಸುತ್ತ ವಾಕ್ಯದ ಕೊನೆಗೆ ಬರುವ ಹೊತ್ತಿಗೆ ಮಗು ವಾಕ್ಯದ ಮೊದಲನ್ನು ಮರೆತಿರುತ್ತದೆ. ಗಮನ ಎಂಬುದು ಮಿತವಾದದ್ದು, ಅದೆಲ್ಲವೂ ಅಕ್ಷರಕ್ಕೇ ಖರ್ಚಾದರೆ ಅರ್ಥಕ್ಕೆ ಉಳಿಯುವುದಿಲ್ಲ ಎಂದು ಡೇವಿಡ್ ಲಾಬರ್ಜ್ ಮತ್ತು ಜೇ ಸ್ಯಾಮ್ಯುಯಲ್ಸ್ 1974ರಲ್ಲಿ ವಿವರಿಸಿದರು. ಸ್ಯಾಮ್ಯುಯಲ್ಸ್ 1979ರಲ್ಲಿ ಇದಕ್ಕೆ ಸರಳವಾದ ಉಪಾಯವನ್ನೂ ಸೂಚಿಸಿದರು: ಅದೇ ಪುಟ್ಟ ಭಾಗವನ್ನು ಸರಾಗವಾಗುವವರೆಗೆ ಮತ್ತೆ ಮತ್ತೆ ಓದಿಸುವುದು. ಕನ್ನಡದ ಪದಗಳು ಪ್ರತ್ಯಯಗಳನ್ನು ಹೊತ್ತು ಉದ್ದವಾಗಿರುವುದರಿಂದ ನಲವತ್ತು ಐವತ್ತು ಪದಗಳ ಭಾಗ ಸಾಕು. ಮೊದಲು ನೀವು ಓದಿ, ಆಮೇಲೆ ಇಬ್ಬರೂ ಒಟ್ಟಿಗೆ ಓದಿ, ಆಮೇಲೆ ಮಗು ಒಂದೇ ಓದಲಿ. ಮಾರನೆಯ ದಿನವೂ ಅದನ್ನೇ ಓದಿಸಿ, ಮೂರನೆಯ ದಿನ ಹೊಸದಕ್ಕೆ ಹೋಗಿ. ಮೊದಲ ದಿನದ ಓದನ್ನೂ ಎರಡನೆಯ ದಿನದ ಓದನ್ನೂ ಮೊಬೈಲಿನಲ್ಲಿ ಧ್ವನಿಮುದ್ರಿಸಿ ಮಗುವಿಗೇ ಕೇಳಿಸಿದರೆ ನಿಮ್ಮ ಹೊಗಳಿಕೆಯ ಅಗತ್ಯ ಅಷ್ಟಾಗಿ ಬೀಳುವುದಿಲ್ಲ. ಗಡಿಯಾರ ಹಿಡಿದು ಅಣ್ಣತಮ್ಮಂದಿರ ನಡುವೆ ಪಂದ್ಯ ಏರ್ಪಡಿಸುವುದು ಮಾತ್ರ ಬೇಡ.

ಬೆರಳಿಟ್ಟು ಓದುವುದನ್ನು ಬಿಡಿಸಲು ಅವಸರಿಸಬೇಕಾಗಿಲ್ಲ. ಒಂದೇ ಪದವನ್ನು ಹತ್ತು ಸಲ ನಕಲು ಬರೆಸುವುದಕ್ಕಿಂತ ದಿನಕ್ಕೆ ಐದಾರು ಪದಗಳ ಉಕ್ತಲೇಖನ ಮೇಲು. ಧ್ವನಿಯನ್ನು ಕೇಳಿ ಅಕ್ಷರ ಹುಡುಕುವಾಗ ಮಗು ಓದಿನ ದಾರಿಯಲ್ಲೇ ಹಿಮ್ಮುಖವಾಗಿ ನಡೆಯುತ್ತದೆ, ನಕಲು ಮಾಡುವಾಗ ಕೈ ಮಾತ್ರ ನಡೆಯುತ್ತದೆ.

ಅರ್ಥದ ಕಡೆ

ಓದು ಸರಾಗವಾಗಿದ್ದೂ ಅರ್ಥವಾಗದಿರುವುದು ನಾಲ್ಕನೆಯ ತರಗತಿಯ ಹೊತ್ತಿಗೆ ಎದ್ದು ಕಾಣತೊಡಗುತ್ತದೆ. ಅಲ್ಲಿಯವರೆಗೆ ಓದಲು ಕಲಿಯುವ ಮಗು ಅಲ್ಲಿಂದ ಮುಂದೆ ಕಲಿಯುವುದಕ್ಕಾಗಿ ಓದಬೇಕಾಗುತ್ತದೆ ಎಂದು ಓದಿನ ತಜ್ಞೆ ಜೀನ್ ಚಾಲ್ ಗುರುತಿಸಿದ ತಿರುವು ಇದೇ. 2021ರಲ್ಲಿ ಆರಂಭವಾದ ಕೇಂದ್ರ ಸರ್ಕಾರದ ನಿಪುಣ ಭಾರತ ಯೋಜನೆಯೂ ಮೂರನೆಯ ತರಗತಿ ಮುಗಿಯುವುದರೊಳಗೆ ಅರ್ಥ ತಿಳಿದು ಓದುವಂತಾಗಬೇಕು ಎಂಬ ಗುರಿಯನ್ನೇ ಇಟ್ಟುಕೊಂಡಿದೆ.

ಈ ವಿಷಯದಲ್ಲಿ ಡೊನ್ನಾ ರೆಕ್ಟ್ ಮತ್ತು ಲಾರೆನ್ ಲೆಸ್ಲಿ 1988ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಕಣ್ಣು ತೆರೆಸುವಂಥದು. ಅವರು ಅಮೆರಿಕದ ಶಾಲಾಮಕ್ಕಳಿಗೆ ಬೇಸ್‌ಬಾಲ್ ಪಂದ್ಯದ ವರ್ಣನೆಯೊಂದನ್ನು ಓದಲು ಕೊಟ್ಟರು. ಓದಿನ ಪರೀಕ್ಷೆಯಲ್ಲಿ ಹಿಂದಿದ್ದರೂ ಆಟದ ವಿಷಯ ಚೆನ್ನಾಗಿ ಗೊತ್ತಿದ್ದ ಮಕ್ಕಳು, ಓದಿನಲ್ಲಿ ಮುಂದಿದ್ದು ಆಟ ಗೊತ್ತಿಲ್ಲದ ಮಕ್ಕಳಿಗಿಂತ ಹೆಚ್ಚು ಅರ್ಥಮಾಡಿಕೊಂಡಿದ್ದರು. ಕೇಳಿ ತಿಳಿಯುವ ಶಕ್ತಿ ಎಂದು ನಾವು ಕರೆಯುವುದರಲ್ಲಿ ದೊಡ್ಡ ಪಾಲು ಆ ವಿಷಯದ ಬಗ್ಗೆ ಮೊದಲೇ ಇರುವ ತಿಳಿವಳಿಕೆಯದು.

ಮಲೆನಾಡಿನ ಮಗುವಿನ ಮಟ್ಟಿಗೆ ಇದರ ಅರ್ಥ ಸ್ಪಷ್ಟ. ಕೊನೆಗಾರನು ಮರವೇರುವುದು, ಅಡಿಕೆ ಬೇಯಿಸಿ ಚೊಗರು ಕಟ್ಟುವುದು, ಒಣಗಿದ್ದನ್ನು ಸರಕು, ಬೆಟ್ಟೆ, ರಾಶಿ, ಗೊರಬಲು ಎಂದು ಆರಿಸುವುದು ಇವನ್ನು ಕಂಡು ಬೆಳೆದ ಮಗುವಿಗೆ ಈ ವಿಷಯದ ಒಂದು ಪುಟ ಕೊಟ್ಟರೆ ಅದು ಪಾಠಪುಸ್ತಕದ ಮೆಟ್ರೋ ರೈಲಿನ ಪುಟಕ್ಕಿಂತ ಬೇಗ ಒಳಗಿಳಿಯುತ್ತದೆ. ಆದ್ದರಿಂದ ಅಂಥ ಪುಟಗಳನ್ನು ನೀವೇ ಬರೆದುಕೊಡಿ. ಮಗು ತನ್ನ ಮಾತಿನಲ್ಲಿ ಒಂದು ಸಂಗತಿಯನ್ನು ಹೇಳಲಿ, ಆನೆ ಬಿಡಾರ ನೋಡಿದ್ದೋ ಗದ್ದೆಯ ಬದುವಿನಲ್ಲಿ ಏಡಿ ಹಿಡಿದದ್ದೋ ಕಾಲಿಗೆ ಉಂಬಳ ಹತ್ತಿದ್ದೋ. ನೀವು ಅದನ್ನು ಹೇಳಿದಂತೆಯೇ ದೊಡ್ಡ ಅಕ್ಷರದಲ್ಲಿ ಬರೆದು, ‘ಎಂತಕ್ಕೆ’ ಎಂದರೆ ‘ಎಂತಕ್ಕೆ’ ಎಂದೇ ಬರೆದು, ಅದರಿಂದ ಓದಿಸಿ. ಕೆಲವು ದಿನಗಳ ನಂತರ ಅದೇ ಸಂಗತಿಯನ್ನು ಪುಸ್ತಕದ ಕನ್ನಡದಲ್ಲಿ ಬರೆದು ಪಕ್ಕದಲ್ಲಿಡಿ. ಆಡುವ ಮಾತಿಗೂ ಬರೆಯುವ ಮಾತಿಗೂ ನಡುವಿನ ದೂರ ಇಲ್ಲಿ ಮಗುವಿನ ಕಣ್ಣೆದುರೇ ಬಿಚ್ಚಿಕೊಳ್ಳುತ್ತದೆ.

ಆದರೆ ಗೊತ್ತಿರುವ ಲೋಕದಲ್ಲೇ ಉಳಿದರೆ ಮುಂದಿನ ತರಗತಿಗಳ ಪುಸ್ತಕ ತೆರೆದುಕೊಳ್ಳುವುದಿಲ್ಲ. ಗೊತ್ತಿಲ್ಲದ ಲೋಕ ಮಗುವಿನ ಓದಿಗೆ ಮೊದಲು ಕಿವಿಯ ಮೂಲಕ ಬರಬೇಕು. ಮಗು ತಾನೇ ಓದಬಲ್ಲದ್ದಕ್ಕಿಂತ ಒಂದೆರಡು ಮೆಟ್ಟಿಲು ಮೇಲಿನ ಪುಸ್ತಕವನ್ನು ದಿನವೂ ಹತ್ತು ಹದಿನೈದು ನಿಮಿಷ ನೀವು ಓದಿ ಹೇಳಿ; ಮಗು ಓದಲು ಕಲಿತ ಮೇಲೂ ಇದನ್ನು ನಿಲ್ಲಿಸಬೇಡಿ. ನಡುವೆ ಬರುವ ಹೊಸ ಪದಕ್ಕೆ ನಿಘಂಟಿನ ಅರ್ಥ ಹೇಳುವ ಬದಲು ಇನ್ನೆರಡು ವಾಕ್ಯಗಳಲ್ಲಿ ಅದನ್ನು ಬಳಸಿ ತೋರಿಸಿ, ಆ ವಾರ ಮನೆಯ ಮಾತಿನಲ್ಲೂ ಬಳಸಿ. ಓದು ಬಾರದ ಅಜ್ಜಿ ಹೇಳುವ ಕತೆಯೂ, ಯಕ್ಷಗಾನದ ಅರ್ಥಗಾರಿಕೆಯನ್ನು ಕೇಳುವುದೂ ಈ ಲೆಕ್ಕಕ್ಕೆ ಸೇರುತ್ತವೆ. ಉದ್ದ ವಾಕ್ಯ, ಕೇಳರಿಯದ ಪದ, ಕಾರಣ ಕೊಟ್ಟು ವಾದಿಸುವ ರೀತಿ ಇವೆಲ್ಲ ಅಲ್ಲಿ ಕಿವಿಗೆ ಸಿಗುತ್ತವೆ.

ಪುಸ್ತಕ ಮತ್ತು ಸಮಯ

ಮೊದಮೊದಲು ಸ್ವಲ್ಪ ಮುಂದಿರುವವರು ಹೆಚ್ಚು ಓದಿ ಇನ್ನೂ ಮುಂದೆ ಹೋಗುತ್ತಾರೆ, ಹಿಂದಿರುವವರು ಓದನ್ನು ತಪ್ಪಿಸಿಕೊಂಡು ಇನ್ನೂ ಹಿಂದೆ ಬೀಳುತ್ತಾರೆ ಎಂದು ಸ್ಟ್ಯಾನೊವಿಚ್ 1986ರಲ್ಲಿ ತೋರಿಸಿದ್ದರು. ಹಿಂದಿರುವ ಮಗುವಿಗೆ ತರಗತಿಗಿಂತ ಕೆಳಗಿನ ಮಟ್ಟದ ಪುಸ್ತಕ ಕೊಡಲು ಮನೆಯವರು ನಾಚಿಕೊಳ್ಳಬಾರದು. ಗ್ರಾಮ ಪಂಚಾಯಿತಿ ಗ್ರಂಥಾಲಯಗಳಲ್ಲಿ ‘ಓದುವ ಬೆಳಕು’ ಕಾರ್ಯಕ್ರಮದಡಿ ಮಕ್ಕಳಿಗೆ ಉಚಿತ ಸದಸ್ಯತ್ವವಿದೆ. ಪ್ರಥಮ್ ಬುಕ್ಸ್‌ನ ಸ್ಟೋರಿವೀವರ್ ತಾಣದಲ್ಲಿ ಮಟ್ಟಗಳಾಗಿ ವಿಂಗಡಿಸಿದ ಕನ್ನಡ ಕತೆಗಳನ್ನು ಉಚಿತವಾಗಿ ಇಳಿಸಿಕೊಂಡು ಮುದ್ರಿಸಬಹುದು. ಆಷಾಢದ ಮಳೆಗೆ ಶಾಲೆಗೆ ರಜೆ ಕೊಡುವ ದಿನಗಳು ನಮ್ಮಲ್ಲಿ ಪ್ರತಿ ವರ್ಷ ಬಂದೇ ಬರುತ್ತವೆ. ಕರೆಂಟು ಹೋಗುವ ಮೊದಲೇ ಎರಡು ಪುಸ್ತಕ ತಂದಿಟ್ಟುಕೊಂಡು, ಹಗಲಿನ ಬೆಳಕಿನಲ್ಲಿ ಓದಿಸುವ ಏರ್ಪಾಡು ಮಾಡಿಕೊಳ್ಳಿ. ದಿನಕ್ಕೆ ಇಪ್ಪತ್ತು ನಿಮಿಷ ಸಾಕು, ಆದರೆ ವಾರಕ್ಕೆ ಐದಾರು ದಿನಗಳಾದರೂ ತಪ್ಪಬಾರದು.

ಇಷ್ಟಾದರೂ ಮುಂದೆ ಹೋಗದಿದ್ದರೆ

ನಾಲ್ಕಾರು ತಿಂಗಳ ನಿಯಮಿತ ಅಭ್ಯಾಸದ ನಂತರವೂ, ಮಾತಿನಲ್ಲಿ ಚುರುಕಾಗಿರುವ ಮಗು ಕಾಗುಣಿತದಲ್ಲೇ ಸಿಕ್ಕಿಕೊಂಡಿದ್ದರೆ ಮೊದಲು ಕಣ್ಣು ಮತ್ತು ಕಿವಿಯ ತಪಾಸಣೆ ಮಾಡಿಸಿ. ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಯಲ್ಲಿ ಎರಡೂ ವಿಭಾಗಗಳಿವೆ. ಅವು ಸರಿಯಿದ್ದರೆ ಡಿಸ್ಲೆಕ್ಸಿಯಾ, ಅಂದರೆ ಓದು ಬರಹ ಕಲಿಯುವುದರಲ್ಲಿನ ತೊಡಕು, ಇರಬಹುದೇ ಎಂದು ನೋಡಿಸಬೇಕು. ಅಕ್ಷರವನ್ನು ತಿರುವಿ ಬರೆಯುವುದೇ ಅದರ ಲಕ್ಷಣ ಎಂಬ ನಂಬಿಕೆ ಸರಿಯಲ್ಲ. ಬಹುತೇಕ ಸಂದರ್ಭಗಳಲ್ಲಿ ಅದರ ಮೂಲ ಮಾತಿನ ಧ್ವನಿಗಳನ್ನು ಬೇರ್ಪಡಿಸಿ ಹಿಡಿಯುವ ಕಷ್ಟದಲ್ಲಿರುತ್ತದೆ, ಬುದ್ಧಿಶಕ್ತಿಗೂ ಅದಕ್ಕೂ ಸಂಬಂಧವಿಲ್ಲ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯಲ್ಲಿ ಇಂಥ ಕಲಿಕಾ ನ್ಯೂನತೆಗೆ ಮಾನ್ಯತೆ ಇದೆ. ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಮತ್ತು ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ತಜ್ಞರ ಪರೀಕ್ಷೆ ಸಿಗುತ್ತದೆ. ಅಲ್ಲಿಗೆ ಹೋಗುವಾಗ ಅಂಕಪಟ್ಟಿಯೊಂದನ್ನೇ ಒಯ್ಯಬೇಡಿ; ಮಗು ಯಾವ ಪದವನ್ನು ಏನೆಂದು ಓದಿತು ಎಂದು ನೀವು ಮೊದಲ ದಿನದಿಂದ ಬರೆದಿಟ್ಟ ನೋಟ್ ಪುಸ್ತಕವನ್ನೂ, ಉಕ್ತಲೇಖನದ ಹಾಳೆಗಳನ್ನೂ, ಮೊಬೈಲಿನಲ್ಲಿರುವ ಧ್ವನಿಮುದ್ರಣಗಳನ್ನೂ ಜೊತೆಗೆ ತೆಗೆದುಕೊಂಡು ಹೋಗಿ.